ತರಿ ಇದೆ, ಕಲ್ಲಿಲ್ಲ

ನೆನೆದ ಅವರೆಕಾಳು ಹಿಸುಕಿ ಹಿಸುಕಿ ನನ್ನ ಬೆರಳ ತುದಿಗಳು ಸುಕ್ಕುಗಟ್ಟಿದ್ದವು. ಹಿತ್ತಲ ಬಾಗಿಲಲ್ಲಿ ಬಿಸಿಲಿಗೆ ಬೆನ್ನು ಕೊಟ್ಟು ಮಣೆಯ ಮೇಲೆ ಕೂತಿದ್ದೆ. ಹೆಬ್ಬೆರಳು ತೋರುಬೆರಳಿನ ನಡುವೆ ಕಾಳಿಟ್ಟು ಒಸಿ ಒತ್ತಿದರೆ ಸಾಕು, ಸಿಪ್ಪೆ ಕೈಯಲ್ಲುಳಿದು ಬೇಳೆ ಪಾತ್ರೆಗೆ ಜಿಗಿಯುತ್ತದೆ. ಅರ್ಧ ನಮ್ಮ ಮನೆಗೆ, ಅರ್ಧ ಡಾಕ್ಟರಮ್ಮನಿಗೆ. ಮಾರನೆಯ ದಿನ ಮಾಗಡಿಯಿಂದ ಬೆಳಗಿನ ಬಸ್ಸಿಗೆ ರಾಮನಗರಕ್ಕೆ ಹೋಗಿ, ವರ್ಷದ ವಾಡಿಕೆಯಂತೆ ಕತ್ತಿನ ಸ್ಕ್ಯಾನಿಂಗ್ ಮಾಡಿಸಿಕೊಂಡು, ಬೇಳೆಯ ಡಬ್ಬಿ ಅವರ ಕೈಗಿಟ್ಟು ಬರುವುದೆಂದುಕೊಂಡಿದ್ದೆ.

ಆಗ ಫೋನು ಬಂತು. ಸ್ಕ್ಯಾನಿಂಗ್ ಸೆಂಟರಿನಲ್ಲಿ ಹೆಸರು ಕೂಗಿ ಒಳಗೆ ಬಿಡುತ್ತಿದ್ದ ನರ್ಸಮ್ಮ. ನಾಳೆ ಬರಬೇಡಿ ಅಂದಳು. ಯಾಕವ್ವ, ಮಿಷನ್ನು ಕೆಟ್ಟಿದೆಯಾ ಎಂದು ಕೇಳಿದೆ. ಆ ಕಡೆಯಿಂದ ಮೂಗೆಳೆದ ಸದ್ದು ಕೇಳಿಸಿತು.

"ಮೇಡಂ ತೀರ್ಕೊಂಡ್ರು ಕಣಕ್ಕ. ರಾತ್ರಿ ಮಲಗಿದೋರು ಎದ್ದೇ ಇಲ್ಲ. ಹಾರ್ಟು ನಿಂತೋಯ್ತಂತೆ."

ಏನೋ ಹೇಳಲು ಬಾಯಿ ತೆರೆದೆ, ದನಿ ಬರಲಿಲ್ಲ. ಫೋನು ಮಡಿಲಲ್ಲಿಟ್ಟುಕೊಂಡು ಹಾಗೇ ಕೂತೆ. ಕಣ್ಣಿಗೆ ಮೊದಲು ಕಟ್ಟಿದ್ದು ಒಂದು ಹಿತ್ತಾಳೆಯ ಚೊಂಬು. ಅವರ ಕತ್ತಲೆ ಕೋಣೆಯಲ್ಲಿ, ಮಿಷನ್ನಿನ ಪಕ್ಕದ ಸ್ಟೂಲಿನ ಮೇಲೆ ಅದು ಸದಾ ಇರುತ್ತಿತ್ತು. ಅದರ ತುಂಬ ಬಿಸಿನೀರು. ಕತ್ತಿಗೆ ಹಚ್ಚುವ ಜೆಲ್ಲಿನ ಬಾಟಲಿಯನ್ನು ಆ ನೀರಿನಲ್ಲಿ ನಿಲ್ಲಿಸಿರುತ್ತಿದ್ದರು. ಜೆಲ್ಲು ತಣ್ಣಗಿದ್ದರೆ ಹೆಂಗಸರು ಬೆಚ್ಚಿಬೀಳುತ್ತಾರೆ, ಬೆಚ್ಚಿದವರ ಕತ್ತು ಬಿಗಿಯುತ್ತದೆ ಅನ್ನುತ್ತಿದ್ದರು. ಬಾಟಲಿ ತೆಗೆಯುವ ಮುಂಚೆ ತಮ್ಮ ಅಂಗೈಯನ್ನೂ ಚೊಂಬಿಗೆ ಒತ್ತಿ ಕಾಯಿಸಿಕೊಳ್ಳುತ್ತಿದ್ದರು. ಹಾಗಾಗಿ ನನ್ನ ಪಾಲಿಗೆ ಆ ಹೆಂಗಸೆಂದರೆ ಮೊದಲು ಒಂದು ಬೆಚ್ಚನೆಯ ಕೈ. ಆಮೇಲೆ ಕಾಣುತ್ತಿದ್ದದ್ದು ಗುಂಡುಮುಖ, ಬೈತಲೆಯಲ್ಲಿ ಬೆಳ್ಳಗಾದ ಕೂದಲು, ದಾರ ಕಟ್ಟಿ ಎದೆಯ ಮೇಲೆ ಇಳಿಬಿಟ್ಟ ಕನ್ನಡಕ.

ನಾನು ಅವರ ಹತ್ತಿರ ಮೊದಲು ಹೋದಾಗ ಹೆಣದಂತಾಗಿದ್ದೆ. ಅದಕ್ಕೂ ಹಿಂದಿನದನ್ನು ಒಂದಿಷ್ಟು ಹೇಳಬೇಕು.

ನಮ್ಮದು ಹಿಟ್ಟಿನ ಮಿಲ್ಲು. ಮನೆಯ ಮುಂಭಾಗದಲ್ಲೇ ಮಿಷನ್ನು, ಹಿಂದೆ ನಮ್ಮ ವಾಸ. ಬೆಳಗಿನಿಂದ ರಾಗಿ, ಜೋಳ, ಸಾರಿನಪುಡಿ ಎಂದು ಹೆಂಗಸರು ಡಬ್ಬಿ ಹಿಡಿದು ಬರುತ್ತಲೇ ಇರುತ್ತಾರೆ. ಮಿಷನ್ನು ತಿರುಗುತ್ತಿದ್ದರೆ ಪಕ್ಕದವರ ಮಾತೂ ಕೇಳಿಸದು. ಆದರೆ ನನ್ನ ದನಿ ಆ ಸದ್ದನ್ನೂ ದಾಟುತ್ತಿತ್ತು. ಅಡುಗೆಮನೆಯಿಂದ ಒಂದು ಸಲ "ರೀ" ಅಂದರೆ ಯಜಮಾನರು ಮಿಷನ್ನು ನಿಲ್ಲಿಸಿ ಊಟಕ್ಕೆ ಬರುತ್ತಿದ್ದರು. ಸೋಮವಾರ ಸಂಜೆ ಮಠದಲ್ಲಿ ವಚನ ಹಾಡುವುದೂ ನಾನೇ. ಓದಿದ್ದು ಕಡಿಮೆ, ರೂಪವೂ ಅಷ್ಟಕ್ಕಷ್ಟೆ. ಶಿವ ನನಗೆ ದನಿಯೊಂದನ್ನು ಧಾರಾಳವಾಗಿ ಕೊಟ್ಟಿದ್ದ.

ಆ ದನಿ ಕೆಡತೊಡಗಿತು. ಮೊದಮೊದಲು ಶೀತವೆಂದುಕೊಂಡೆ, ಕಷಾಯ ಕುಡಿದೆ. ಹೋಗಲಿಲ್ಲ. ದನಿ ದಪ್ಪಗಾಗಿ ಗಂಟಲಲ್ಲೇ ಕೂತುಬಿಟ್ಟಿತು. ಮೇಲಕ್ಕೆ ಎತ್ತಿದರೆ ಒಡೆಯುತ್ತಿತ್ತು. ಅದರ ಜೊತೆಗೆ ಮೈಯೆಲ್ಲ ಭಾರ, ಬಿಸಿಲಲ್ಲೂ ಚಳಿ, ಬಾಚಣಿಗೆ ತುಂಬ ಕೂದಲು. ಕೂತರೆ ಏಳಲು ಮನಸ್ಸಿಲ್ಲ. ಮಠದಲ್ಲಿ ನನ್ನ ಪಕ್ಕ ಕೂರುವ ಗೆಳತಿ, "ಏನಕ್ಕ, ಸೊರ ಮಿಷನ್ನಿಗೆ ಹಾಕಿ ಬೀಸಿಸ್ಕೊಂಡು ಬಂದ್ಯಾ?" ಎಂದು ನಗಾಡಿದಳು. ನಾನೂ ನಕ್ಕೆ. ಮನೆಗೆ ಬಂದು ಅತ್ತುಬಿಟ್ಟೆ. ಊಟಕ್ಕೆ ಕರೆಯಲು ತಟ್ಟೆಗೆ ಸೌಟು ಬಡಿಯಬೇಕಾಗಿ ಬಂತು.

ಮಾಗಡಿಯಲ್ಲಿ ನಾವು ತೋರಿಸುವ ಡಾಕ್ಟರು ಕತ್ತು ಮುಟ್ಟಿ ನೋಡಿ, ಥೈರಾಯ್ಡ್ ಗ್ರಂಥಿ ಊದಿಕೊಂಡಂತಿದೆ, ರಾಮನಗರಕ್ಕೆ ಹೋಗಿ ಸ್ಕ್ಯಾನ್ ಮಾಡಿಸಿಕೊಂಡು ಬನ್ನಿ ಎಂದರು. ನಾನು ಹೋಗಲಿಲ್ಲ. ಇವತ್ತು ನಾಳೆ ಎಂದು ತಳ್ಳಿದೆ. ಅದಕ್ಕೆ ಕಾರಣ ಎರಡು. ನನ್ನ ಚಿಕ್ಕಮ್ಮನಿಗೆ ಕತ್ತಿನಲ್ಲಿ ದೊಡ್ಡ ಗಡ್ಡೆ ಬೆಳೆದು ಆಪರೇಷನ್ ಆಗಿತ್ತು. ಮದುವೆ ಮನೆಗಳಲ್ಲಿ ಸೋಬಾನೆ ಹೇಳುತ್ತಿದ್ದ ಹೆಂಗಸು ಅಲ್ಲಿಂದಾಚೆಗೆ ಸಾಯುವ ತನಕ ಪಿಸುಗುಟ್ಟಿಯೇ ಮಾತಾಡಿದಳು. ಕತ್ತಿನ ಸ್ಕ್ಯಾನಿಂಗ್ ಅಂದಕೂಡಲೆ ನನಗೆ ಕೇಳಿಸಿದ್ದು ಆ ಪಿಸುಮಾತು. ಇನ್ನೊಂದು, ಕತ್ತಿನ ಮೇಲೆ ಏನೂ ಇರಬಾರದು, ಎಲ್ಲ ಬಿಚ್ಚಿಡಬೇಕು ಎಂದು ಯಾರೋ ಹೇಳಿದ್ದರು. ತಾಳಿಯನ್ನಾದರೆ ಯಜಮಾನರ ಕೈಗೆ ಕೊಡಬಹುದು. ಆದರೆ ಕರಡಿಗೆ? ಅದರೊಳಗಿನ ಇಷ್ಟಲಿಂಗ ಮೈಬಿಟ್ಟು ಹೋಗಬಾರದೆಂದು ಹುಟ್ಟಿದಾಗಿನಿಂದ ಕೇಳಿ ಬೆಳೆದವಳು ನಾನು. ಹೆರಿಗೆಯ ಹೊತ್ತಿನಲ್ಲೂ ತೆಗೆದಿಟ್ಟವಳಲ್ಲ.

ಕೊನೆಗೆ ನಮ್ಮತ್ತೆಯೇ ಹೊರಡಿಸಿದರು. "ಹೋಗ್ ಬಾ ಮಗಾ. ನಿನ್ ಸೊರ ಕೇಳ್ದೆ ಮನೆ ಬಣಗುಡ್ತಾ ಐತೆ" ಎಂದರು. ಬಸ್ಸಿನ ಕಿಟಕಿಯಿಂದ ಸಾವನದುರ್ಗದ ಬಂಡೆ ಕಂಡಾಗ ವೀರಭದ್ರಸ್ವಾಮಿಗೆ ಕೈಮುಗಿದು, ನನ್ನ ಕತ್ತಿಗೆ ಕತ್ತಿ ಬೀಳದಿರಲಿ ತಂದೆ ಎಂದು ಬೇಡಿಕೊಂಡೆ.

ಸೆಂಟರಿನಲ್ಲಿ ನನ್ನ ಸರದಿ ಬಂದಾಗ ಈಗ ಫೋನು ಮಾಡಿದಳಲ್ಲ, ಅದೇ ನರ್ಸಮ್ಮ, ಸರ ಗಿರ ಎಲ್ಲ ಬಿಚ್ಚಿಡಿ ಎಂದಳು. ತಾಳಿ ಬಿಚ್ಚಿ ಯಜಮಾನರಿಗೆ ಕೊಟ್ಟೆ. ಕರಡಿಗೆಯ ಮೇಲೆ ಕೈಯಿಟ್ಟುಕೊಂಡು ಮಂಚದ ಮೇಲೆ ಕೂತೆ. ಅದನ್ನೂ ತೆಗೀರಿ ಅಂದಳು. ಇದನ್ನ ತೆಗೆಯೋ ಹಂಗಿಲ್ಲ ಕಣವ್ವ ಎಂದೆ. "ಎಲ್ರೂ ತೆಗೀತಾರೆ, ನಿಮ್ದೇನು ಬೇರೆ ಕತ್ತಾ?" ಎಂದು ಗದರಿದಳು. ಪಾಪ, ಹೊರಗೆ ಜನ ತುಂಬಿತ್ತು, ಅವಳ ಅವಸರ ಅವಳಿಗೆ. ನಾನು ಮಂಚದಿಂದ ಇಳಿದೆ. ಬೇಡ, ಹೋಗಿಬಿಡೋಣ ಎಂದು ಬಾಗಿಲತ್ತ ತಿರುಗಿದೆ.

ಆಗ ಆ ಬೆಚ್ಚನೆಯ ಕೈ ನನ್ನ ಭುಜದ ಮೇಲೆ ಬಿತ್ತು. ಏನದು ಎಂದು ಕೇಳಿದರು. ಹೇಳಿದೆ. ಅವರು ನಮ್ಮ ಪೈಕಿಯಲ್ಲ, ಅವರಿಗೆ ನಮ್ಮ ಆಚಾರ ಗೊತ್ತಿರಲಿಲ್ಲ. ಗೊತ್ತಿಲ್ಲದ್ದನ್ನು ಕೇಳಲು ಅವರಿಗೆ ಸಂಕೋಚವೂ ಇರಲಿಲ್ಲ.

"ಪೂಜೆ ಮಾಡುವಾಗ ಇದನ್ನ ಎಲ್ಲಿ ಇಟ್ಕೋತೀರಮ್ಮ? ಕತ್ತಲ್ಲೇನಾ?"

"ಇಲ್ಲ ಮೇಡಂ. ಎಡಗೈ ಅಂಗೈಲಿ."

"ಹಂಗಾದ್ರೆ ಈಗ್ಲೂ ಅಲ್ಲೇ ಇರ್ಲಿ. ನನಗೆ ಬೇಕಾಗಿರೋದು ಕತ್ತು ಒಂದೇ. ಅಂಗೈ ನಿಮ್ದು."

ಇಷ್ಟು ದಿನ ನನಗೇ ಹೊಳೆದಿರಲಿಲ್ಲ. ಶಿವದಾರವನ್ನು ತಲೆಯ ಮೇಲಿಂದ ತೆಗೆದು, ಕರಡಿಗೆಯನ್ನು ಎಡಗೈಯಲ್ಲಿಟ್ಟುಕೊಂಡು ಮುಷ್ಟಿ ಮುಚ್ಚಿ ಮಲಗಿದೆ. ಕತ್ತಿನ ಕೆಳಗೆ ದಿಂಬಿಟ್ಟರು. ಬೆಚ್ಚಗಿನ ಜೆಲ್ಲು ಹಚ್ಚಿ, ಸೋಪಿನ ತುಂಡಿನಷ್ಟು ದಪ್ಪದ ಒಂದು ಸಾಧನವನ್ನು ಕತ್ತಿನ ಮೇಲೆ ಆಡಿಸಿದರು. ನುಂಗಬೇಡಿ ಅಂದರು, ಈಗ ನುಂಗಿ ಅಂದರು. ನಾನು ಒಳಗೊಳಗೇ ಪಂಚಾಕ್ಷರಿ ಹೇಳುತ್ತಿದ್ದೆ. ಮುಗಿದ ಮೇಲೆ ಬಿಸಿನೀರಲ್ಲಿ ಅದ್ದಿದ ಬಟ್ಟೆಯಿಂದ ತಾವೇ ನನ್ನ ಕತ್ತು ಒರೆಸಿದರು. ಏನಾದರೂ ಕೇಳಲು ನಾನು ಬಾಯಿ ತೆರೆದರೆ, "ಮೊದ್ಲು ಅದನ್ನ ಹಾಕ್ಕೊಳ್ಳಿ. ಆಮೇಲೆ ಮಾತು" ಎಂದರು.

ಆದರೆ ಅಷ್ಟರಲ್ಲಿ ತುರ್ತಿನ ಗರ್ಭಿಣಿಯೊಬ್ಬಳು ಬಂದಳು. ನಾವು ಹೊರಗೆ ಬಂದೆವು. ರಿಪೋರ್ಟು ಕೈಗೆ ಸಿಕ್ಕಿತು, ಎಲ್ಲ ಇಂಗ್ಲಿಷು. ಯಜಮಾನರು ಅದರ ಫೋಟೋ ತೆಗೆದು ಕನಕಪುರದಲ್ಲಿರುವ ತಮ್ಮ ತಮ್ಮನಿಗೆ ಕಳಿಸಿದರು. ಮೈದುನ ಅಲ್ಲಿ ಮೇಷ್ಟ್ರು, ನಮ್ಮ ಮನೆಯಲ್ಲಿ ಇಂಗ್ಲಿಷು ಬಲ್ಲವನು ಅವನೊಬ್ಬನೇ. ಅವನು ಫೋನಲ್ಲೇ ಅದೂ ಇದೂ ಹುಡುಕಿ ನೋಡಿ ತಿರುಗಿ ಕರೆ ಮಾಡಿದ. ಗಾಬರಿಯಾಗಿದ್ದ ಅನ್ನುವುದು ದನಿಯಲ್ಲೇ ಗೊತ್ತಾಗುತ್ತಿತ್ತು.

"ಅಣ್ಣ, ಅತ್ತಿಗೆ ಗ್ಲ್ಯಾಂಡು ಒಂದೇ ಸಮ ಇಲ್ವಂತೆ, ಪೂರ್ತಿ ಏರುಪೇರಾಗೈತೆ. ಅಲ್ಲಿ ಇಲ್ಲಿ ತಿರುಗ್ತಾ ಕೂರ್ಬ್ಯಾಡ. ಬೆಂಗ್ಳೂರಿಗೆ ಕರ್ಕೊಂಡೋಗಿ ತೆಗೆಸ್ಬುಡೋದೇ ವಾಸಿ."

ತೆಗೆಸ್ಬುಡೋದು. ಆ ಒಂದು ಮಾತು ಕೇಳಿ ಕತ್ತನ್ನು ಸೆರಗಿನಿಂದ ಮುಚ್ಚಿಕೊಂಡೆ. ಗ್ರಂಥಿಯ ಜೊತೆ ನನ್ನ ದನಿಯನ್ನೂ ತೆಗೆದು ತಟ್ಟೆಯಲ್ಲಿಟ್ಟಂತೆ ಕಂಡಿತು. ಯಜಮಾನರು ನನ್ನ ಮುಖ ನೋಡಿದರು, ಆಮೇಲೆ ರಿಪೋರ್ಟು ನೋಡಿದರು, ಆಮೇಲೆ ನನ್ನ ಕೈಹಿಡಿದು ವಾಪಸು ಆ ಕೋಣೆಗೇ ಕರೆದುಕೊಂಡು ಹೋದರು.

ಡಾಕ್ಟರಮ್ಮ ಊಟಕ್ಕೆ ಕೂತಿದ್ದರು. ಹೊತ್ತು ಮೀರಿದ ಊಟ. ಡಬ್ಬಿಯಲ್ಲಿ ಮುದ್ದೆ, ಅವರೆಕಾಳಿನ ಸಾರು. ಮುದ್ದೆ ಮುರಿದು ಕೈಯಲ್ಲಿ ಹಿಡಿದಿದ್ದವರು ನಮ್ಮನ್ನು ನೋಡಿ ಕೆಳಗಿಟ್ಟರು. ಯಾಕಮ್ಮ ಮುಖ ಹಂಗಾಗಿದೆ ಎಂದರು. ಯಜಮಾನರು ಫೋನಿನಲ್ಲಿ ಕೇಳಿದ್ದನ್ನು ಹೇಳಿದರು. ಊಟ ಮುಗಿಸಿ ಮೇಡಂ, ಕಾಯ್ತೀವಿ ಎಂದೂ ಹೇಳಿದರು.

"ಇದನ್ನ ಹೊತ್ಕೊಂಡು ಅರ್ಧ ಗಂಟೆ ಕಾಯ್ತೀರಾ? ಮುದ್ದೆ ಆರಿದ್ರೆ ಆರ್ಲಿ ಬಿಡಿ" ಎಂದು ಎದ್ದು ಕೈತೊಳೆದರು.

ಆಮೇಲೆ ಅವರು ಮಾಡಿದಂಥದ್ದನ್ನು ಬೇರೆ ಯಾವ ಡಾಕ್ಟರೂ ಮಾಡಿದ್ದು ನಾನು ಕಂಡಿಲ್ಲ. ಮಿಷನ್ನಿನ ಪರದೆಯನ್ನು ನಮ್ಮ ಕಡೆಗೆ ತಿರುಗಿಸಿದರು. ಯಾರದೋ ಹೆಸರನ್ನು ಕಾಗದದಿಂದ ಮುಚ್ಚಿ, ಅವರ ಗ್ರಂಥಿಯ ಚಿತ್ರ ತೋರಿಸಿದರು. ಗಂಟಲಿನ ಎರಡೂ ಪಕ್ಕ ಚಿಟ್ಟೆಯ ರೆಕ್ಕೆಯಂತೆ ಒಂದೇ ಸಮನಾದ ಬೂದುಬಣ್ಣ. ಇದು ಸರಿಯಾಗಿರುವ ಗ್ರಂಥಿ ಎಂದರು. ಆಮೇಲೆ ನನ್ನದು. ಅದೇ ರೆಕ್ಕೆ, ಆದರೆ ಅಲ್ಲೊಂದು ಕಪ್ಪು ಮಚ್ಚೆ, ಇಲ್ಲೊಂದು ಬಿಳಿ ಗೆರೆ, ನುಣುಪೇ ಇಲ್ಲ. ನನಗೆ ಅಳು ಬಂತು. ಯಜಮಾನರು ಮಾತ್ರ ಪರದೆಯ ಹತ್ತಿರಕ್ಕೆ ಬಗ್ಗಿ, ಹೆಬ್ಬೆರಳು ತೋರುಬೆರಳನ್ನು ಒಂದಕ್ಕೊಂದು ಉಜ್ಜುತ್ತ ನೋಡುತ್ತಿದ್ದರು. ಮಿಷನ್ನಿನಿಂದ ಬೀಳುವ ಹಿಟ್ಟು ಹದವಾಗಿದೆಯೇ ಎಂದು ಅವರು ನೋಡುವುದು ಹೀಗೆಯೇ.

"ಇದು ಹಿಟ್ಟು ತರಿತರಿಯಾಗಿ ಬಿದ್ದಂಗೈತಲ್ಲ ಮೇಡಂ?" ಎಂದರು.

ಅವರು ಕನ್ನಡಕ ಏರಿಸಿಕೊಂಡು ಯಜಮಾನರನ್ನು ನೋಡಿದರು. ಹಾಗಂದರೆ ಏನು, ಬಿಡಿಸಿ ಹೇಳಿ ಎಂದರು. ಯಜಮಾನರು ಹೇಳಿದರು: ಮಿಷನ್ನಿನ ಕಲ್ಲು ಸವೆದಿದ್ದರೆ ಹಿಟ್ಟು ಒಂದೇ ಸಮ ಬರುವುದಿಲ್ಲ, ತರಿ ಬೀಳುತ್ತದೆ. ಆದರೆ ಅದು ಕೆಟ್ಟ ಹಿಟ್ಟಲ್ಲ. ಹಿಟ್ಟಿನಲ್ಲಿ ಕಲ್ಲು ಸೇರಿದ್ದರೆ ಬೇರೆ ಮಾತು, ಅದು ಹಲ್ಲು ಮುರಿಯುತ್ತದೆ.

ಡಾಕ್ಟರಮ್ಮ ಮತ್ತೊಮ್ಮೆ ಪರದೆ ನೋಡಿದರು. ಆಮೇಲೆ ನನ್ನ ಕಡೆ ತಿರುಗಿ ಒಂದೊಂದೇ ಮಾತನ್ನು ನಿಧಾನವಾಗಿ ಆಡಿದರು.

"ಹಂಗೇ ಅಂದ್ಕೊಳ್ಳಿ ಅಮ್ಮ. ತರಿ ಇದೆ. ಕಲ್ಲಿದೆಯಾ ಅಂತ ಮೂಲೆಮೂಲೆ ಹುಡುಕಿದೆ. ಕಲ್ಲಿಲ್ಲ."

ಕಲ್ಲು ಅಂದರೆ ಹೇಗಿರುತ್ತದೆ ಎಂಬುದನ್ನೂ ಹೇಳಿದರು. ಸುತ್ತಲಿನದರಿಂದ ಬೇರೆಯಾಗಿ ನಿಂತ ಗಂಟು ಕಾಣಬೇಕು. ಕಂಡರೂ ಎಲ್ಲ ಗಂಟೂ ಕೆಟ್ಟದ್ದಲ್ಲ, ಹೆಚ್ಚಿನವು ಸಾಧುವೇ. ಅಂಚು ಒಡ್ಡೊಡ್ಡಾಗಿದ್ದರೆ, ಒಳಗೆ ಸಣ್ಣ ಬಿಳಿ ಚುಕ್ಕೆಗಳಿದ್ದರೆ, ಅಗಲಕ್ಕಿಂತ ಎತ್ತರಕ್ಕೆ ಬೆಳೆದಿದ್ದರೆ ಆಗ ಅನುಮಾನಪಟ್ಟು ಸೂಜಿ ಚುಚ್ಚಿ ಪರೀಕ್ಷೆ ಮಾಡುತ್ತಾರೆ. ನನ್ನಲ್ಲಿ ಗಂಟೂ ಇಲ್ಲ, ಪಕ್ಕದಲ್ಲಿ ಊದಿಕೊಂಡ ಬೇರೆ ಗ್ರಂಥಿಗಳೂ ಇಲ್ಲ. ಬರಿಯ ಏರುಪೇರು. ಅದು ಯಾಕಾಯಿತೆಂದರೆ, ಮೈಯನ್ನು ಕಾಯಬೇಕಾದ ಕಾವಲಿನವನೇ ಗುರುತು ತಪ್ಪಿ ಮನೆಯವರಿಗೆ ಹೊಡೆಯುತ್ತಿರಬಹುದು. ಹೆಂಗಸರಲ್ಲಿ ಇದು ಬಹಳ. ಏಟು ತಿಂದು ತಿಂದು ಗ್ರಂಥಿ ಹೀಗೆ ಕಾಣುತ್ತದೆ, ಕೆಲಸವೂ ನಿಧಾನವಾಗುತ್ತದೆ. ಚಿತ್ರ ನೋಡಿ ಅದು ಎಷ್ಟು ಕೆಲಸ ಮಾಡುತ್ತಿದೆ ಎಂದು ಹೇಳಲಾಗದು, ಅದಕ್ಕೆ ರಕ್ತವನ್ನೇ ಪರೀಕ್ಷಿಸಬೇಕು. ಗುಳಿಗೆ ಬರೆಯುವುದು ನಿಮ್ಮ ಮಾಗಡಿ ಡಾಕ್ಟರ ಕೆಲಸ, ನನ್ನದಲ್ಲ. ಬರಿಯ ಇಷ್ಟಕ್ಕೆ ಕತ್ತು ಕೊಯ್ಯುವುದಿಲ್ಲ.

ನನ್ನ ದನಿ ತಿರುಗಿ ಬರುತ್ತದೆಯೇ ಎಂದು ಕೇಳಿದೆ. ಕೇಳಿದ ದನಿಯೇ ಗೊಗ್ಗರಾಗಿತ್ತು. ಅವರು ಹೂಂ ಅಂದುಬಿಡಬಹುದಿತ್ತು. ಅನ್ನಲಿಲ್ಲ.

"ಗ್ರಂಥಿ ಸೋತಾಗ ದನಿ ದಪ್ಪ ಆಗೋದುಂಟು. ಗುಳಿಗೆ ತಗೊಂಡ್ಮೇಲೆ ಎಷ್ಟೋ ಜನಕ್ಕೆ ಸರಿಹೋಗುತ್ತೆ. ನಿಮ್ಗೆ ಹೋಗೇ ಹೋಗುತ್ತೆ ಅಂತ ಆಣೆ ಇಡಲ್ಲ. ನಾನು ಕಂಡಿದ್ದು ಹೇಳೋಳು."

ಆಣೆಯಿಡದ ಆ ಮಾತನ್ನೇ ನಾನು ನಂಬಿದ್ದು. ಬರುವಾಗ ಬಸ್ಸಿನಲ್ಲಿ ಯಜಮಾನರು ತಮ್ಮನಿಗೆ ಫೋನು ಮಾಡಿ, "ತರಿ ಕಣ್ಲಾ, ಕಲ್ಲಲ್ಲ. ನೀನು ಒಸಿ ಸುಮ್ಕಿರು" ಎಂದರು. ಪಕ್ಕದ ಸೀಟಿನವರು ನಮ್ಮನ್ನು ರಾಗಿ ವ್ಯಾಪಾರದವರೆಂದುಕೊಂಡಿರಬೇಕು.

ರಕ್ತಪರೀಕ್ಷೆಯೂ ಅವರು ಅಂದಂತೆಯೇ ಬಂತು. ಗುಳಿಗೆ ಶುರುವಾಯಿತು. ಅಷ್ಟಕ್ಕೇ ಕಥೆ ಮುಗಿಯಬೇಕಿತ್ತು, ಮುಗಿಯಲಿಲ್ಲ. ತಿಂಗಳುಗಳು ಕಳೆದರೂ ದನಿ ಏಳಲಿಲ್ಲ. ಮಾಗಡಿ ಡಾಕ್ಟರು ಗುಳಿಗೆಯ ಪ್ರಮಾಣ ಏರಿಸಿದರು, ಮತ್ತೂ ಏರಿಸಿದರು, ರಕ್ತದ ಲೆಕ್ಕ ಮಾತ್ರ ಇಳಿಯಲೊಲ್ಲದು. ವರ್ಷ ತಿರುಗಿ ಸ್ಕ್ಯಾನಿಂಗಿಗೆ ಹೋದಾಗ ಹಿಸುಕಿದ ಬೇಳೆಯ ಡಬ್ಬಿಯೊಂದನ್ನು ಒಯ್ದಿದ್ದೆ. ಆರಿದ ಆ ಮುದ್ದೆಯ ಋಣ ನನ್ನ ಮನಸ್ಸಲ್ಲಿ ಕೂತಿತ್ತು. ಡಬ್ಬಿ ತೆರೆದು ಅವರು ಮೂಸಿದ ರೀತಿ ನೆನೆದರೆ ಈಗಲೂ ನಗು ಬರುತ್ತದೆ. ಚಿಕ್ಕ ಮಗುವಿನ ಹಾಗೆ. ಹಿಸುಕುವ ಪುರುಸೊತ್ತು ಯಾವ ಜನ್ಮದಲ್ಲಿ ಬರುತ್ತೋ ಅಂದುಕೊಂಡು ಇಡೀ ಕಾಳನ್ನೇ ಬೇಯಿಸಿಕೊಂಡು ತಿನ್ನುತ್ತೇನೆ ಎಂದರು. ಅವರ ಮನೆಯ ಸಂಗತಿ ನನಗೆ ತಿಳಿದದ್ದು ಅಷ್ಟೇ. ಕೇಳಿದರೆ ತವರಿನ ಮಾತಾಡುತ್ತಿದ್ದರು. ಚನ್ನಪಟ್ಟಣದವರು, ಅವರ ತಂದೆ ಮರದ ಬೊಂಬೆ ಕಡೆಯುತ್ತಿದ್ದರಂತೆ. ಬಣ್ಣ ಹಚ್ಚುವ ಮುಂಚೆ ಮರವನ್ನು ಅಂಗೈಯಿಂದ ಸವರಿ ನೋಡುವ ಕೆಲಸ ಮಗಳದು. "ನುಣುಪಿಲ್ಲ ಅಂದ ಮಾತ್ರಕ್ಕೆ ಹುಳುಕಲ್ಲ" ಅನ್ನುವುದು ತಂದೆಯ ಮಾತಂತೆ. ಮಗಳು ಮರ ಎಸೆಯಲು ಹೋದಾಗಲೆಲ್ಲ ಹಾಗೆ ಹೇಳಿ ತಡೆಯುತ್ತಿದ್ದರಂತೆ.

ಆ ಸಲ ಸ್ಕ್ಯಾನು ಮುಗಿದ ಮೇಲೆ, ಗುಳಿಗೆ ಹೇಗೆ ತೆಗೆದುಕೊಳ್ಳುತ್ತೀರಿ ಎಂದು ಕೇಳಿದರು. ಬೆಳಗ್ಗೆ ಖಾಲಿ ಹೊಟ್ಟೆಯಲ್ಲಿ ಎಂದೆ. ಯಾವುದರ ಜೊತೆ ಎಂದರು. ನಾನು ಹೆಮ್ಮೆಯಿಂದಲೇ ಹೇಳಿದೆ. ಪೂಜೆಗೆ ಮುಂಚೆ ಬಾಯಿಗೆ ನೀರೂ ಹಾಕುವವಳಲ್ಲ ನಾನು. ಪೂಜೆ ಮುಗಿಸಿ, ಲಿಂಗಕ್ಕೆ ತೋರಿಸಿದ ಹಾಲಿನ ಪ್ರಸಾದದಲ್ಲೇ ಗುಳಿಗೆ ನುಂಗುತ್ತಿದ್ದೆ. ಪ್ರಸಾದದ ಜೊತೆ ಹೋದರೆ ಮದ್ದಿಗೆ ಇನ್ನಷ್ಟು ಬಲ ಬರಲೆಂದು.

ಅವರು ನಗಲಿಲ್ಲ. ಬೇರೆ ಯಾರಾದರೂ ನಕ್ಕಿರುತ್ತಿದ್ದರು, ಇಲ್ಲವೇ ಬೈದಿರುತ್ತಿದ್ದರು. ಆ ಗುಳಿಗೆಗೂ ಹಾಲಿಗೂ ಆಗಿಬರುವುದಿಲ್ಲ ಅಮ್ಮ, ಹಾಲು ಅದನ್ನು ಮೈಗೆ ಹತ್ತಗೊಡುವುದಿಲ್ಲ ಎಂದರು. ಬರಿಯ ನೀರಲ್ಲಿ ನುಂಗಿ, ಒಂದು ಗಂಟೆ ಬಿಟ್ಟು ಹಾಲು ಕುಡಿಯಬೇಕು ಎಂದರು. ಅದು ಆಗದ ಮಾತೆಂದೆ. ಪೂಜೆಯಾದ ಮೇಲೆ ಪ್ರಸಾದವನ್ನು ತೆಗೆದುಕೊಳ್ಳದೆ ಹಾಗೇ ಇಡುವುದುಂಟೇ? ಅವರು ಚೊಂಬಿನ ಮೇಲೆ ಕೈಯಿಟ್ಟುಕೊಂಡು ಯೋಚಿಸಿದರು.

"ನೀವು ಏನು ತಿಂದ್ರೂ ಮೊದ್ಲು ಅದಕ್ಕೆ ತೋರ್ಸಿ ತಿಂತೀರಿ, ಅಲ್ವಾ?"

"ಹೂಂ ಮೇಡಂ."

"ಹಂಗಾದ್ರೆ ಗುಳಿಗೇನೂ ತೋರ್ಸಿ. ನೀರೂ ತೋರ್ಸಿ. ದಿನದ ಪ್ರಸಾದ ಅದೇ ಆಗ್ಲಿ. ಹಾಲು ಆಮೇಲೆ, ಹಾಲಿನ ಹೊತ್ತಿಗೆ."

ಮನೆಗೆ ಬಂದು ಅಳುಕುತ್ತಲೇ ಅತ್ತೆಗೆ ಹೇಳಿದೆ. ಅವರು ವಿಭೂತಿ ಹಚ್ಚಿಕೊಳ್ಳುತ್ತ, "ಮದ್ದು ಮಾತ್ರ ಶಿವಂದಲ್ವ? ಆ ಡಾಕ್ಟರಮ್ಮ ನಿನ್ಗಿಂತ ಶರಣೆ ಕಣವ್ವ" ಎಂದರು. ಅವತ್ತಿನಿಂದ ಈವತ್ತಿನವರೆಗೆ ನನ್ನ ದಿನದ ಮೊದಲ ಪ್ರಸಾದ ಆ ಸಣ್ಣ ಬಿಳಿ ಗುಳಿಗೆ. ಆಮೇಲಿನ ಒಂದು ಗಂಟೆ ಏನೂ ತಿನ್ನುವಂತಿಲ್ಲವಲ್ಲ, ಅಂಗಳಕ್ಕೆ ನೀರು ಹಾಕುತ್ತ, ರಂಗೋಲಿ ಬಿಡುತ್ತ ಮೆಲ್ಲಗೆ ಹಾಡಿಕೊಳ್ಳುವುದು ರೂಢಿಯಾಯಿತು. ಯಾವ ದಿನ ಎಂದು ಹೇಳಲಾರೆ. ಒಂದು ಬೆಳಗ್ಗೆ ಹಾಡು ಮೇಲಕ್ಕೆ ಹೋಯಿತು, ಒಡೆಯಲಿಲ್ಲ. ನಾನು ಪೊರಕೆ ಹಿಡಿದುಕೊಂಡೇ ನಿಂತುಬಿಟ್ಟೆ. ಮಿಲ್ಲಿನ ಬಾಗಿಲು ತೆಗೆಯುತ್ತಿದ್ದ ಯಜಮಾನರು ಬೀಗ ಕೈಯಲ್ಲಿ ಹಿಡಿದು ಅಲ್ಲೇ ನಿಂತಿದ್ದರು. 

ಮುಂದಿನ ಸಲ ಹೋದಾಗ ಡಾಕ್ಟರಮ್ಮನಿಗೆ ಹೇಳಿದೆ. ಬರೀ ಹೇಳಿದರೆ ಆಗದು, ಹಾಡಿ ಎಂದರು. ಇಲ್ಲೇ ಎಂದೆ. ಇಲ್ಲೇ, ಕತ್ತು ಒರೆಸಿ ಆಗಿದೆಯಲ್ಲ ಎಂದರು. ಕತ್ತಲೆ ಕೋಣೆಯ ಮಂಚದ ಮೇಲೆ ಕಾಲು ಇಳಿಬಿಟ್ಟುಕೊಂಡು, ಅಂಗೈಯಲ್ಲಿ ಕರಡಿಗೆ ಹಿಡಿದೇ ಒಂದು ವಚನ ಹೇಳಿದೆ. ಅವರು ಗೋಡೆಗೊರಗಿ ಕಣ್ಣು ಮುಚ್ಚಿದ್ದರು. ಆ ಮುಖದಲ್ಲಿ ಅಷ್ಟು ದಣಿವಿದೆ ಎಂದು ನನಗೆ ಕಂಡದ್ದು ಆಗಲೇ. ಮುಗಿದ ಮೇಲೂ ಸ್ವಲ್ಪ ಹೊತ್ತು ಕಣ್ಣು ತೆರೆಯಲಿಲ್ಲ. ಬಾಗಿಲಲ್ಲಿ ಆ ನರ್ಸಮ್ಮ ನಿಂತಿದ್ದಳು. "ಅಕ್ಕ, ನಿಮ್ದು ಬೇರೆ ಕತ್ತೇ ಬಿಡಿ" ಎಂದಳು. ಆ ಮೇಲೆ ಪ್ರತಿ ವರ್ಷವೂ ಹೀಗೇ. ಸ್ಕ್ಯಾನು, ಒಂದು ವಚನ, ಒಂದು ಡಬ್ಬಿ ಬೇಳೆ. ತರಿ ಹಾಗೇ ಇದೆ, ಅದು ನುಣುಪಾಗುವಂಥದ್ದಲ್ಲ, ಆದರೆ ಕಲ್ಲಿಲ್ಲ ಎಂದು ಹೇಳಿ ಕಳಿಸುತ್ತಿದ್ದರು.

ಯಜಮಾನರ ಆ ಮಾತನ್ನು ಅವರು ಬಳಸಿಕೊಂಡರು. ಹೆದರಿ ಬಂದ ಹಳ್ಳಿ ಹೆಂಗಸರಿಗೆಲ್ಲ ಹಾಗೇ ಬಿಡಿಸಿ ಹೇಳುತ್ತಿದ್ದರಂತೆ. ಮಾಗಡಿಯ ಮಿಲ್ಲಿನ ಯಜಮಾನರು ಕಲಿಸಿದ್ದು ಎಂದೂ ಸೇರಿಸುತ್ತಿದ್ದರಂತೆ. ಈಗ ನಮ್ಮ ಮಿಲ್ಲಿಗೆ ಬರುವ ಹೆಂಗಸರಲ್ಲಿ ಯಾರಾದರೂ ಕತ್ತಿನ ಸ್ಕ್ಯಾನಿಂಗಿಗೆ ಹೋಗಿಬಂದರೆ, ಮಿಕ್ಕವರು ಕೇಳುವುದು ಒಂದೇ: ತರಿಯೋ, ಕಲ್ಲೋ? ನಮ್ಮ ಬೀದಿಯಲ್ಲಿ ಹಾಲು ಮಾರುವ ಮನೆಯ ಅಕ್ಕನಿಗೆ ಒಂದು ಸಲ ನಿಜವಾಗಿಯೂ ಗಂಟು ಕಂಡಿತ್ತು. ಡಾಕ್ಟರಮ್ಮ ಅವರಿಗೂ ಪರದೆ ತಿರುಗಿಸಿ ತೋರಿಸಿ, ಇದು ಏನೆಂದು ನನಗೆ ಗೊತ್ತಿಲ್ಲ, ಸೂಜಿ ಹಾಕಿಯೇ ನೋಡಬೇಕು ಎಂದು ಮುಚ್ಚುಮರೆಯಿಲ್ಲದೆ ಹೇಳಿದ್ದರು. ಸಾಧು ಗಂಟೆಂದು ಬಂತು. ಬಾರದಿದ್ದರೂ ಆ ಅಕ್ಕ ಧೈರ್ಯವಾಗಿರುತ್ತಿದ್ದರು ಅನ್ನಿಸುತ್ತದೆ. ಎದುರಿಗಿರುವುದು ಏನೆಂದು ಕಂಡವರಿಗೆ ಅರ್ಧ ಭಯ ಇಳಿದಿರುತ್ತದೆ.

ಇಷ್ಟು ಜನರ ಕತ್ತು ನೋಡಿ ಸಮಾಧಾನ ಹೇಳಿದವರ ಎದೆಯನ್ನು ಯಾರು ನೋಡಿದರೋ. ಕಣ್ಣು ಮುಚ್ಚಿ ಗೋಡೆಗೊರಗಿದ್ದ ಆ ಮುಖವನ್ನು ಕಂಡಾಗ, ನೀವೂ ಒಂದು ಸಲ ತೋರಿಸಿಕೊಳ್ಳಿ ಮೇಡಂ ಎನ್ನಬೇಕೆನ್ನಿಸಿತ್ತು. ಡಾಕ್ಟರಿಗೆ ನಾನು ಹೇಳುವುದೇ ಎಂದು ಸುಮ್ಮನಾಗಿದ್ದೆ. ಈಗ ಹಿತ್ತಲಲ್ಲಿ ಕೂತು ಅದನ್ನೇ ನೆನೆದೆ. ನಾಳೆ ಆ ಚೊಂಬಿನ ನೀರು ಯಾರೂ ಕಾಯಿಸುವುದಿಲ್ಲ. ಮುಂದೆ ಬೇರೆ ಡಾಕ್ಟರು ಬರುತ್ತಾರೆ, ಒಳ್ಳೆಯವರೇ ಬಂದಾರು. ಎಡಗೈ ಮುಚ್ಚಿ ಮಲಗಿದ ನನ್ನನ್ನು ಅವರು ಯಾಕೆಂದು ಕೇಳುತ್ತಾರೆ, ನಾನು ಮೊದಲಿನಿಂದ ಹೇಳಬೇಕಾಗುತ್ತದೆ.

ಇಂಥ ಹೊತ್ತಿನಲ್ಲೂ ಶಿವನ ದಯೆ ಇಷ್ಟಿಷ್ಟೇ ಎಂದು ಹೆಕ್ಕಿಕೊಳ್ಳುವುದು ನನ್ನ ಗುಣ. ನಿದ್ದೆಯಲ್ಲೇ ಹೋದರು, ನರಳಲಿಲ್ಲ. ಹೋದ ವರ್ಷದ ವಚನ ಅರ್ಧಕ್ಕೆ ನಿಲ್ಲಿಸದೆ ಪೂರ್ತಿ ಹಾಡಿದ್ದೆ. ಹೋದ ವರ್ಷದ ಬೇಳೆಯಲ್ಲಿ ಒಳ್ಳೆಯ ಸೊಗಡಿತ್ತು. ಹೆಕ್ಕಿದರೂ ಕೈ ಬರಿದಾಗೇ ಇತ್ತು.

ಅತ್ತೆ ಯಾವಾಗ ಬಂದು ಪಕ್ಕದಲ್ಲಿ ಕೂತರೋ ತಿಳಿಯಲಿಲ್ಲ. ಯಾರೆಂದು ಕೇಳಲಿಲ್ಲ, ಫೋನಿನಲ್ಲಿ ನಾನಾಡಿದ್ದು ಕಿವಿಗೆ ಬಿದ್ದಿತ್ತು, ಮಿಕ್ಕದ್ದನ್ನು ನನ್ನ ಮುಖ ನೋಡಿ ತಿಳಿದುಕೊಂಡಿದ್ದರು. ಪಾತ್ರೆಯನ್ನು ಇಬ್ಬರ ನಡುವೆ ಎಳೆದುಕೊಂಡರು.

"ನೆನೆದ ಕಾಳು ಕಾಯಕಿಲ್ಲ ಮಗಾ. ಹಿಸುಕು" ಎಂದರು.

ಇಬ್ಬರೂ ಸೇರಿ ಉಳಿದದ್ದನ್ನು ಹಿಸುಕಿದೆವು. ಡಾಕ್ಟರಮ್ಮನ ಪಾಲಿಗೆಂದು ತೆಗೆದಿಟ್ಟಿದ್ದ ಡಬ್ಬಿಯನ್ನು ಅತ್ತೆ ಸದ್ದಿಲ್ಲದೆ ಗೋಡೆಯ ಗೂಡಿನಲ್ಲಿಟ್ಟರು. ಬೇಳೆಯನ್ನೆಲ್ಲ ಒಟ್ಟಿಗೆ ತೊಳೆದು ಬೇಯಲು ಹಾಕಿದೆ, ಮಸಾಲೆ ರುಬ್ಬಿ ಸಾರಿಗೆ ಕೂಡಿಸಿದೆ. ಇನ್ನೊಂದು ಒಲೆಯ ಮೇಲೆ ಮುದ್ದೆಗೆ ಎಸರು ಕುದಿಯುತ್ತಿತ್ತು. ಮುದ್ದೆ ಆರಬಾರದೆಂದು, ಊಟಕ್ಕೆ ಕರೆದ ಮೇಲೇ ಹಿಟ್ಟು ಹಾಕುವುದು ನಮ್ಮ ಮನೆಯ ರೂಢಿ. ಮುಂದೆ ಮಿಷನ್ನು ಜೋರಾಗಿ ತಿರುಗುತ್ತಿತ್ತು. ಬೆಳಗ್ಗೆ ಫೋನಿನಲ್ಲಿ ಸತ್ತುಹೋದ ದನಿ ಈಗ ಹೊರಡುತ್ತದೋ ಇಲ್ಲವೋ ಎಂದು ಅಡುಗೆಮನೆಯ ಬಾಗಿಲಲ್ಲಿ ಒಂದು ಗಳಿಗೆ ನಿಂತೆ. ತಟ್ಟೆ ಸೌಟು ಕೈಗೆಟಕುವಂತೆಯೇ ಇದ್ದವು.

"ರೀ, ಊಟಕ್ಕೆ ಬನ್ನಿ" ಎಂದೆ.

ಮಿಷನ್ನು ನಿಂತಿತು. ನಾನು ಒಳಗೆ ಹೋಗಿ ಎಸರಿಗೆ ಹಿಟ್ಟು ಹಾಕಿ, ಕೋಲು ಹಿಡಿದು ತಿರುವತೊಡಗಿದೆ.